ನಾನು ಬಿಡಿಸಿದ ಪಾತ್ರಕ್ಕೆ ನಾನೇ ನಿರ್ಮಾಪಕಿ ಆಗಬೇಕಾ? ಅನಿಮೇಷನ್‌ನಲ್ಲಿ ಇರುವವರು ಹೇಳಿ

ಪೆನ್ಸಿಲ್ ತುದಿ (ಗೋರೆಗಾಂವ್)

ಎಲ್ಲರಿಗೂ ನಮಸ್ಕಾರ. ನಾನು ಇಲ್ಲೇ ಮುಂಬೈಯ ಒಂದು ಅನಿಮೇಷನ್ ಸ್ಟುಡಿಯೋದಲ್ಲಿ ಕ್ಯಾರೆಕ್ಟರ್ ಡಿಸೈನರ್. ಊರು ಧಾರವಾಡ. ಆಫೀಸಿನ ಕೆಲಸ ಮುಗಿದ ಮೇಲೆ ಮನೆಯಲ್ಲಿ ಕೂತು ಒಂದು ಪಾತ್ರ ಬೆಳೆಸಿದ್ದೇನೆ. ಮಳೆಗಾಲದಲ್ಲಿ ಕೊಡೆ ಹಿಡಿದು ಊರು ಸುತ್ತುವ ಒಂದು ಏಡಿ. ಮಾಡೆಲ್ ಶೀಟ್ (ಪಾತ್ರದ ಅಳತೆ, ಹಾವಭಾವದ ಹಾಳೆ), ಟರ್ನ್‌ಅರೌಂಡ್ (ಎಲ್ಲ ಕಡೆಯಿಂದ ತೋರಿಸುವ ಚಿತ್ರ), ಎರಡು ಕಥೆಗಳ ಸ್ಟೋರಿಬೋರ್ಡ್ ರೆಡಿ ಇದೆ.

ಈಗ ಬೇರೆ ಒಂದು ಕಂಪನಿಯವರು ಅದನ್ನು ನೋಡಿ ಇಷ್ಟಪಟ್ಟಿದ್ದಾರೆ. 11 ನಿಮಿಷದ 26 ಕಂತು ಮಾಡೋಣ ಅಂತಾರೆ. ನನಗೆ ಡಿಸೈನ್ ಹೆಡ್ ಹುದ್ದೆ, ಈಗಿನದಕ್ಕಿಂತ ಒಳ್ಳೆಯ ಸಂಬಳ. ಆದರೆ ಏಡಿ ಪೂರ್ತಿ ಅವರದು. ಮುಂದೆ ಪುಸ್ತಕ, ಗೊಂಬೆ, ಸ್ಕೂಲ್ ಬ್ಯಾಗ್ ಏನು ಬಂದರೂ ನನಗೆ ಸಂಬಂಧ ಇಲ್ಲ.

ಬೇಡ ಅಂದರೆ ನಾನೇ ನಿರ್ಮಾಪಕಿ ಆಗಬೇಕು. ಅಪ್ಪ ಫೋನಿನಲ್ಲಿ ‘ಕೈಗೆ ಬಂದ ಕೆಲಸ ಬಿಡಬೇಡವ್ವ’ ಅಂತಾರೆ. ಡಿಸೈನು, ನಿರ್ಮಾಣ ಎರಡನ್ನೂ ಒಬ್ಬರೇ ಹೊತ್ತವರ ಬದುಕು ಹೇಗೆ ನಡೆಯಿತು ಅಂತ ತಿಳಿದವರು ಬರೆಯಿರಿ. ಸಮಾಧಾನದ ಮಾತು ಬೇಡ, ನಿಜ ಹೇಳಿ.

ಡೊಂಬಿವಲಿ ಫಾಸ್ಟ್

ಸಂಬಳ ತಗೊಳ್ಳಿ ಮೇಡಂ. ಇನ್ನೊಂದು ಏಡಿ ಬಿಡಿಸಬಹುದು. ಇಎಂಐ ಕಾಯುವುದಿಲ್ಲ.

ಲೈಟ್‌ಬಾಕ್ಸ್ (ದಾದರ್)

ತಂಗಿ, ಅವಸರ ಮಾಡಬೇಡ. ನಾನು ಸೆಲ್, ಅಂದರೆ ಪಾರದರ್ಶಕ ಹಾಳೆಯ ಮೇಲೆ ಚಿತ್ರ ಮಾಡುತ್ತಿದ್ದ ಕಾಲದಿಂದ ಈ ಕೆಲಸದಲ್ಲಿ ಇದ್ದವನು. ಪೆಗ್ ಬಾರ್ ಮೇಲೆ ಹಾಳೆ ಕೂರಿಸಿ, ಕೆಳಗಿನ ಲೈಟಿನಲ್ಲಿ ಹಿಂದಿನ ಚಿತ್ರ ನೋಡುತ್ತಾ ಮುಂದಿನದು ಬಿಡಿಸುತ್ತಿದ್ದೆವು. ಸೆಲ್‌ಗೆ ಹಿಂಬದಿಯಿಂದ ಬಣ್ಣ ತುಂಬಬೇಕು, ಮುಂದೆ ಗೆರೆ ಕೆಡಬಾರದು. ಒಂದು ಬೆರಳಿನ ಗುರುತು ಬಿದ್ದರೂ ಕ್ಯಾಮೆರಾ ಅದನ್ನು ಹಿಡಿಯುತ್ತಿತ್ತು.

ನೀನು ಕೇಳಿದ್ದಕ್ಕೆ ನನಗೆ ಮೊದಲು ನೆನಪಾಗುವವರು ಅನಿಮೇಟರ್ ಭೀಮ್‌ಸೇನ್. 1961ರಲ್ಲಿ ಲಖನೌದಿಂದ ಮುಂಬೈಗೆ ಬಂದು ಸರ್ಕಾರದ ಚಿತ್ರ ಸಂಸ್ಥೆ ಫಿಲ್ಮ್ಸ್ ಡಿವಿಷನ್‌ನಲ್ಲಿ ಹಿನ್ನೆಲೆ ಚಿತ್ರ ಬಿಡಿಸುತ್ತಿದ್ದರು. ಆಮೇಲೆ ಹೊರಗೆ ಬಂದು 1970ರಲ್ಲಿ ‘ದಿ ಕ್ಲೈಂಬ್’ ಅಂತ ಕಿರುಚಿತ್ರ ಮಾಡಿದರು. ಅದಕ್ಕೆ ಶಿಕಾಗೊ ಚಿತ್ರೋತ್ಸವದಲ್ಲಿ ಸಿಲ್ವರ್ ಹ್ಯೂಗೊ ಬಂತು. ತಮ್ಮ ಸಂಸ್ಥೆಗೂ ಅದೇ ಹೆಸರು ಇಟ್ಟುಕೊಂಡರು, ಕ್ಲೈಂಬ್ ಫಿಲ್ಮ್ಸ್. ದೂರದರ್ಶನದಲ್ಲಿ ನಾವೆಲ್ಲ ನೋಡಿದ ‘ಏಕ್ ಅನೇಕ್ ಔರ್ ಏಕತಾ’ (1974) ಇದೆಯಲ್ಲ, ಅದರ ಡಿಸೈನು, ಅನಿಮೇಷನ್, ನಿರ್ಮಾಣ ಮೂರರಲ್ಲೂ ಅವರ ಹೆಸರೇ ಇದೆ. ಅಂದರೆ ಎರಡನ್ನೂ ಒಬ್ಬರೇ ಹೊರುವುದು ಇಲ್ಲಿ ಹೊಸದೇನೂ ಅಲ್ಲ.

ವಡಾಪಾವ್ ರೊಟ್ಟಿ

ಅದು ಇನ್ನೊಬ್ಬ ಅನಿಮೇಟರ್ ರಾಮ್ ಮೋಹನ್ ಮಾಡಿದ್ದಲ್ವಾ?

ಲೈಟ್‌ಬಾಕ್ಸ್ (ದಾದರ್)

ಅಲ್ಲ. ನಿರ್ದೇಶನ ವಿಜಯಾ ಮುಳೆ, ಚಿತ್ರ ಭೀಮ್‌ಸೇನ್, ಸಂಗೀತ ವಸಂತ ದೇಸಾಯಿ. ಹಾಡಿದ್ದು ಸಾಧನಾ ಸರಗಮ್, ಆಗ ಇನ್ನೂ ಪುಟ್ಟ ಹುಡುಗಿ.

ಮಾಟುಂಗಾ ಮನೆ

ಬಲೆ ಸಮೇತ ಹಾರುವ ಹಕ್ಕಿಗಳು, ಬಲೆ ಕಡಿಯುವ ಇಲಿಗಳು! ನಮ್ಮ ಬಿಲ್ಡಿಂಗ್‌ನಲ್ಲಿ ಟಿವಿ ಇದ್ದದ್ದು ಒಂದೇ ಮನೆಯಲ್ಲಿ. ಹಾಡು ಶುರುವಾದರೆ ಸಾಕು, ಗುಜರಾತಿ, ತಮಿಳು, ಕೊಂಕಣಿ ಮಕ್ಕಳೆಲ್ಲ ಒಟ್ಟಿಗೆ ಕಿರುಚುತ್ತಿದ್ದೆವು. ವಿಷಯ ಬಿಟ್ಟು ಹೋದೆ, ಆದರೂ ಬರೆಯದೆ ಇರಲಾಗಲಿಲ್ಲ.

ಕೊಥ್ರೂಡ್ ಕಾಕಾ (ಪುಣೆ)

ಭೀಮ್‌ಸೇನ್ ಉದಾಹರಣೆ ಸರಿ. ಆದರೆ ಆ ಕಾಲದಲ್ಲಿ ಸರ್ಕಾರದ ಕೆಲಸ ಸಿಗುತ್ತಿತ್ತು. ಚಿತ್ರ ಮಂದಿರಗಳಲ್ಲಿ ಸಿನಿಮಾಕ್ಕೆ ಮೊದಲು ಫಿಲ್ಮ್ಸ್ ಡಿವಿಷನ್ ಚಿತ್ರ ಹಾಕಲೇಬೇಕಿತ್ತು. ಈಗ ಹಾಗೆ ಎಲ್ಲಿದೆ? ಆ ಸಂಸ್ಥೆಯನ್ನೇ 2022ರಲ್ಲಿ ಎನ್‌ಎಫ್‌ಡಿಸಿಗೆ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ) ಸೇರಿಸಿದರು. ಭೀಮ್‌ಸೇನ್ ಕೂಡ ಬರೀ ಅನಿಮೇಷನ್ ನಂಬಿಕೊಂಡು ಕೂರಲಿಲ್ಲ. 1977ರಲ್ಲಿ ‘ಘರೌಂದಾ’ ಅಂತ ನಟರನ್ನು ಹಾಕಿ ಮಾಮೂಲಿ ಸಿನಿಮಾ ಮಾಡಿದರು.

ಇನ್ನು ಪುಣೆಯ ವಿಷಯ. ನಮ್ಮ ಊರಿನಲ್ಲೇ ಪ್ರಭಾತ್ ಕಂಪನಿ 1934ರಲ್ಲಿ ‘ಜಂಬೂ ಕಾಕಾ’ ಅಂತ ಕಾರ್ಟೂನ್ ಚಿತ್ರ ಮಾಡಿತ್ತು. ಆ ಜಾಗದಲ್ಲಿ ಈಗ ಸಿನಿಮಾ ಕಲಿಸುವ ಎಫ್‌ಟಿಐಐ ಇದೆ. 2012ರ ‘ಡೆಲ್ಲಿ ಸಫಾರಿ’ ಕೂಡ ಪುಣೆಯ ಕ್ರೇಯಾನ್ ಪಿಕ್ಚರ್ಸ್‌ನದು, ರಾಷ್ಟ್ರ ಪ್ರಶಸ್ತಿ ಬಂದ ಚಿತ್ರ. ಪ್ರತಿಭೆಗೆ ಇಲ್ಲಿ ಯಾವತ್ತೂ ಬರ ಇಲ್ಲ. ಒಂದು ಚಿತ್ರ ಮುಗಿದ ಮೇಲೆ ಇನ್ನೊಂದಕ್ಕೆ ದುಡ್ಡು ಹಾಕುವವರು ಸಿಗುವುದಿಲ್ಲ. ಆ ಹುಡುಗಿಯ ಅಪ್ಪ ಹೇಳುವುದರಲ್ಲಿ ತಪ್ಪೇನಿದೆ?

ಎಂಟು ಕಾಲು (ಅಂಧೇರಿ)

ನಾನು ಪ್ರೊಡಕ್ಷನ್ ಕಡೆಯವಳು, ಬಜೆಟ್ ಮತ್ತು ಶೆಡ್ಯೂಲ್ ನೋಡುತ್ತೇನೆ. ಇಲ್ಲಿ ಯಾರೂ ಏಡಿಯ ಬಗ್ಗೆ ಕೇಳಲೇ ಇಲ್ಲ. ಅಕ್ಕ, ನಿಮ್ಮ ಏಡಿಗೆ ಕಾಲು ಎಷ್ಟು?

ಪೆನ್ಸಿಲ್ ತುದಿ (ಗೋರೆಗಾಂವ್)

ನಿಜವಾದ ಏಡಿಗೆ ಇರುವಷ್ಟೇ. ಎಂಟು ಕಾಲು, ಎರಡು ಕೊಂಬು. ಒಂದು ಕೊಂಬಿನಲ್ಲಿ ಕೊಡೆ.

ಎಂಟು ಕಾಲು (ಅಂಧೇರಿ)

ನನ್ನ ಹೆಸರು ಈ ಚರ್ಚೆಗೆ ಸರಿಯಾಗಿ ಕೂತಿತು ಬಿಡಿ. ಈಗ ಲೆಕ್ಕ ನೋಡಿ. 11 ನಿಮಿಷ, 26 ಕಂತು ಅಂದರೆ 286 ನಿಮಿಷ. ಸೆಕೆಂಡಿಗೆ 24 ಫ್ರೇಮ್. ಟೂಸ್‌ನಲ್ಲಿ ಮಾಡಿದರೂ, ಅಂದರೆ ಒಂದು ಚಿತ್ರವನ್ನು ಎರಡು ಫ್ರೇಮ್ ಹಿಡಿದರೂ, ಸೆಕೆಂಡಿಗೆ 12 ಚಿತ್ರ. ಕೈಯಲ್ಲೇ ಬಿಡಿಸುವುದಾದರೆ ಒಟ್ಟು 2 ಲಕ್ಷಕ್ಕೂ ಮೇಲೆ. ಪ್ರತಿ ಚಿತ್ರದಲ್ಲೂ ಎಂಟು ಕಾಲು ಬೇರೆ ಬೇರೆ ಹೊತ್ತಿಗೆ ಎತ್ತಬೇಕು, ಇಡಬೇಕು. ರಿಗ್ ಕಟ್ಟಿ ಕಟ್‌ಔಟ್‌ನಲ್ಲಿ, ಅಂದರೆ ಕಂಪ್ಯೂಟರ್‌ನಲ್ಲಿ ಬಿಡಿ ಭಾಗ ಜೋಡಿಸಿ ಗೊಂಬೆಯ ಹಾಗೆ ಆಡಿಸಿ ಮಾಡಿದರೆ ಬಿಡಿಸುವುದು ತಪ್ಪುತ್ತದೆ, ಆದರೆ ಎಂಟು ಕಾಲಿನ ನಡಿಗೆ ಕೂರಿಸುವ ಅನಿಮೇಟರ್‌ಗೆ ಅಷ್ಟೇ ಹೊತ್ತು ಬೇಕು. ಕಾಲು ನಾಲ್ಕಕ್ಕೆ ಇಳಿಸಿದರೆ ಒಂದು ವಾರದ ಕೆಲಸ ಬಹಳ ಹಗುರ. ಮಕ್ಕಳು ಅದನ್ನು ಏಡಿ ಅಂತಲೇ ಗುರುತಿಸುತ್ತಾರೆ, ಕೊಂಬು ಮತ್ತು ಅಡ್ಡ ನಡಿಗೆ ಇದ್ದರೆ ಸಾಕು.

ಕೊಡೆಯನ್ನೂ ಸುಮ್ನೆ ಬಿಡಬೇಡಿ. ಅದನ್ನು ಸ್ವಲ್ಪ ಮುಂದಕ್ಕೆ ಬಾಗಿಸಿದರೆ ಬಾಯಿ ಮುಚ್ಚುತ್ತದೆ. ಆ ಶಾಟ್‌ಗೆ ಲಿಪ್ ಸಿಂಕ್ (ಮಾತಿಗೆ ತುಟಿ ಹೊಂದಿಸುವುದು) ಬೇಡ. ಕನ್ನಡ, ಮರಾಠಿ, ಹಿಂದಿ ಮೂರಕ್ಕೂ ಅದೇ ಚಿತ್ರ ನಡೆಯುತ್ತದೆ.

ಇದೆಲ್ಲ ಡಿಸೈನರ್ ಕೈಯಲ್ಲಿ ಇರುವ ತೀರ್ಮಾನ. ಹಣ ಹಾಕುವವನಿಗೆ ಇದು ಕಾಣುವುದಿಲ್ಲ. ಅವನು ಬಿಲ್ ಬಂದ ಮೇಲೆ ‘ಕಂತಿನ ಬಜೆಟ್ ಇಳಿಸಿ’ ಅಂತಾನೆ, ಆಗ ಹಿನ್ನೆಲೆ ಕೆಡುತ್ತದೆ, ಅನಿಮೇಟರ್ ಸಂಬಳ ಕಡಿಮೆ ಆಗುತ್ತದೆ. ಡಿಸೈನರ್‌ಗೇ ಲೆಕ್ಕ ಗೊತ್ತಿದ್ದರೆ ಮೊದಲ ದಿನವೇ ಗೆರೆಯಲ್ಲಿ ಉಳಿಸುತ್ತಾರೆ, ಚಂದವೂ ಉಳಿಯುತ್ತದೆ. ಅದಕ್ಕೇ ಹೇಳುತ್ತೇನೆ, ಎರಡೂ ಒಂದೇ ತಲೆಯಲ್ಲಿ ಇದ್ದರೆ ಒಳ್ಳೆಯದು. ನಿರ್ಮಾಪಕಿ ಆಗಿ.

ಡೊಂಬಿವಲಿ ಫಾಸ್ಟ್

ಲೆಕ್ಕ ಚೆನ್ನಾಗಿದೆ. ಆದರೆ 26 ಕಂತಿಗೆ ದುಡ್ಡು ಯಾರು ಕೊಡುತ್ತಾರೆ ಅದನ್ನೂ ಬರೆಯಿರಿ.

ಲೈಟ್‌ಬಾಕ್ಸ್ (ದಾದರ್)

ಎಂಟು ಕಾಲು ಬರೆದದ್ದನ್ನು ಕಲಿಯುವವರೆಲ್ಲ ಓದಬೇಕು. ಫಿಲ್ಮ್ಸ್ ಡಿವಿಷನ್‌ನ ಕಾರ್ಟೂನ್ ಘಟಕಕ್ಕೆ 1956ರಲ್ಲಿ ಕ್ಲೇರ್ ವೀಕ್ಸ್ ಬಂದು ತರಬೇತಿ ಕೊಟ್ಟರು. ಡಿಸ್ನಿಯಲ್ಲಿ ‘ಸ್ನೋ ವೈಟ್’, ‘ಬ್ಯಾಂಬಿ’ಗೆ ಕೆಲಸ ಮಾಡಿದವರು. ಅವರ ಕೈಕೆಳಗೆ ನಮ್ಮವರು 1957ರಲ್ಲಿ ‘ಬ್ಯಾನಿಯನ್ ಡಿಯರ್’ ಮಾಡಿದರು, ಜಾತಕ ಕಥೆ. ಅದು ಪೂರ್ತಿ ಡಿಸ್ನಿ ರೀತಿ, ಮೈ ತುಂಬಿದ ಜಿಂಕೆಗಳು. ಆದರೆ ಅಷ್ಟು ಚಿತ್ರ ಬಿಡಿಸುವ ಜನ, ಹಣ ನಮ್ಮಲ್ಲಿ ಎಲ್ಲಿತ್ತು? ಆಮೇಲಿನವರು ಚಪ್ಪಟೆ ಆಕಾರ, ಕಡಿಮೆ ಚಲನೆ, ಗಟ್ಟಿ ಬಣ್ಣದ ಕಡೆ ಹೊರಳಿದರು. ‘ಏಕ್ ಅನೇಕ್’ ನೋಡಿ. ಒಂದು ಗೆರೆಯೂ ಜಾಸ್ತಿ ಇಲ್ಲ. ಹಣದ ಕೊರತೆಯಲ್ಲೇ ಒಂದು ಶೈಲಿ ಹುಟ್ಟಿತು.

ವಡಾಪಾವ್ ರೊಟ್ಟಿ

ನಾನು ಒಪ್ಪುವುದಿಲ್ಲ. ಪಾತ್ರದ ಹಕ್ಕು ನಮ್ಮದೇ ಇರಬೇಕು ಅನ್ನುವುದನ್ನು ದೊಡ್ಡದು ಮಾಡುತ್ತಿದ್ದೀರಿ. ರಾಮ್ ಮೋಹನ್ ‘ಮೀನಾ’ ಅನ್ನುವ ಹುಡುಗಿಯ ಪಾತ್ರ ಬಿಡಿಸಿದರು. ಹಕ್ಕು ಯುನಿಸೆಫ್‌ನದು. ಬಾಂಗ್ಲಾದೇಶ, ನೇಪಾಳ, ಪಾಕಿಸ್ತಾನ ಎಲ್ಲ ಕಡೆ ಮಕ್ಕಳು ನೋಡಿದರು, ಹುಡುಗಿಯರು ಶಾಲೆಗೆ ಹೋಗಬೇಕು ಅನ್ನುವ ಮಾತು ಮನೆ ಮನೆಗೆ ಹೋಯಿತು. ಆ ಪಾತ್ರಕ್ಕೆ ಹೇರ್ ಸ್ಟೈಲ್ ಹೇಗಿರಬೇಕು, ಬಟ್ಟೆ ಯಾವುದು ಅಂತ ದೇಶ ದೇಶಗಳಲ್ಲಿ ಜನರನ್ನು ಕೇಳಿ ಮಾಡಿದ್ದು. ಅಷ್ಟು ದೊಡ್ಡ ಕೆಲಸ ಒಬ್ಬ ಡಿಸೈನರ್ ತನ್ನ ಜೇಬಿನಿಂದ ಮಾಡಲು ಆಗುತ್ತಿತ್ತಾ? ಹಕ್ಕು ಇಲ್ಲದಿದ್ದರೂ ರಾಮ್ ಮೋಹನ್ ಹೆಸರು ಉಳಿಯಿತು, 2014ರಲ್ಲಿ ಪದ್ಮಶ್ರೀ ಬಂತು.

ಎಂಟು ಕಾಲು (ಅಂಧೇರಿ)

ಅಣ್ಣಾ, ರಾಮ್ ಮೋಹನ್ ಆ ಹೊತ್ತಿಗೆ ಸ್ವಂತ ಸ್ಟುಡಿಯೋ ಯಜಮಾನರು! 1968ರಲ್ಲಿ ಫಿಲ್ಮ್ಸ್ ಡಿವಿಷನ್ ಬಿಟ್ಟು, 1972ರಲ್ಲಿ ರಾಮ್ ಮೋಹನ್ ಬಯೋಗ್ರಾಫಿಕ್ಸ್ ಶುರು ಮಾಡಿದರು. ಜಾಹೀರಾತು ಮಾಡಿದರು, ಸತ್ಯಜಿತ್ ರಾಯ್ ಅವರ ‘ಶತರಂಜ್ ಕೆ ಖಿಲಾಡಿ’ಗೆ ಅನಿಮೇಷನ್ ಭಾಗ ಮಾಡಿಕೊಟ್ಟರು. ಯುಗೊ ಸಾಕೊ ಅವರ ಜಪಾನಿ ‘ರಾಮಾಯಣ’ಕ್ಕೆ ಸಹ ನಿರ್ದೇಶಕರಾದರು. ಬೇರೆಯವರಿಗೆ ಪಾತ್ರ ಬಿಡಿಸಿ ಕೊಡುವಾಗಲೂ ಅವರು ಎದುರಿಗೆ ಕೂತದ್ದು ನಿರ್ಮಾಪಕರಾಗಿ. ಸಂಬಳಕ್ಕೆ ಇದ್ದು ಕೊಡುವುದೂ, ಸ್ವಂತ ಸ್ಟುಡಿಯೋ ಇಟ್ಟುಕೊಂಡು ಕೊಡುವುದೂ ಒಂದೇ ಅಲ್ಲ.

ಮೈಸೂರು ಮಲ್ಲಿಗೆ (ವಾಶಿ)

ಮೀನಾ ಬಿಡಿ, ನಮ್ಮ ಮೈಸೂರಿನ ಆರ್.ಕೆ. ಲಕ್ಷ್ಮಣ್ ನೋಡಿ. ಏಷ್ಯನ್ ಪೇಂಟ್ಸ್‌ನ ಗಟ್ಟು ಅವರ ಕೈಯಿಂದ ಬಂದದ್ದು, 1954ರಲ್ಲಿ. ಕೈಯಲ್ಲಿ ಬ್ರಷ್ ಹಿಡಿದ ತುಂಟ ಹುಡುಗ. ಊರೂರಿನ ಬಣ್ಣದ ಅಂಗಡಿಯಲ್ಲಿ ಅವನೇ ನಿಂತಿದ್ದ. ಆಮೇಲೆ ಕಂಪನಿ ಅವನನ್ನು ಕೈಬಿಟ್ಟಿತು, ಮುಗಿಯಿತು. ಆದರೆ ಅವರ ಶ್ರೀಸಾಮಾನ್ಯನ ಕಥೆ ನೋಡಿ. ವರ್ಲಿ ಸಮುದ್ರದ ಎದುರು ಒಂದು ಪ್ರತಿಮೆ, ಪುಣೆಯ ಸಿಂಬಯಾಸಿಸ್‌ನಲ್ಲಿ ಒಂದು. ಅವನು ಇವತ್ತಿಗೂ ಲಕ್ಷ್ಮಣ್ ಹೆಸರಿನ ಜತೆಗೇ ಉಳಿದಿದ್ದಾನೆ. ನನಗೆ ಅದರಲ್ಲಿ ದೊಡ್ಡ ವ್ಯತ್ಯಾಸ ಕಾಣುತ್ತದೆ.

ಮಾಟುಂಗಾ ಮನೆ

ಮುಂಬೈಯ ಜೆ.ಜೆ. ಕಲಾ ಶಾಲೆಯವರು ಲಕ್ಷ್ಮಣ್‌ಗೆ ಸೀಟು ಕೊಡಲಿಲ್ಲ ಗೊತ್ತಾ? ಆಮೇಲೆ ಅಲ್ಲೇ ಅತಿಥಿಯಾಗಿ ಕರೆದರು. ‘ಮಾಲ್ಗುಡಿ ಡೇಸ್’ ಟೈಟಲ್‌ನಲ್ಲಿ ಬರುವ ಚಿತ್ರಗಳೂ ಅವರದೇ. ಆ ರಾಗ ಕೇಳಿದರೆ ಇವತ್ತೂ ಕಣ್ಣು ತುಂಬುತ್ತದೆ. ಶಂಕರ್ ನಾಗ್ ಇದ್ದಿದ್ದರೆ ಅನಿಮೇಷನ್‌ಗೂ ಕೈ ಹಾಕುತ್ತಿದ್ದರೇನೋ.

ಕೊಥ್ರೂಡ್ ಕಾಕಾ (ಪುಣೆ)

ಲಕ್ಷ್ಮಣ್ ಕೊನೆಗಾಲ ಕಳೆದದ್ದು ನಮ್ಮ ಪುಣೆಯಲ್ಲೇ. 2015ರ ಜನವರಿ 26ರಂದು ಇಲ್ಲೇ ತೀರಿಕೊಂಡರು.

ಅಡ್ಮಿನ್

ಶಂಕರ್ ನಾಗ್ ಬಗ್ಗೆ ಬೇರೆ ಚರ್ಚೆ ತೆರೆಯಿರಿ, ಅಲ್ಲಿ ಎಲ್ಲರೂ ಬರುತ್ತಾರೆ. ಇಲ್ಲಿ ಏಡಿಗೆ ಬನ್ನಿ.

ಕರಿಕೋಟು (ಠಾಣೆ)

ನಾನು ವಕೀಲ. ಕಾನೂನಿನ ಮಾತು ಸ್ವಲ್ಪ ಬರೆಯುತ್ತೇನೆ, ಎಲ್ಲರಿಗೂ ಉಪಯೋಗ ಆಗಬಹುದು.

1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಕೆಲಸದ ಭಾಗವಾಗಿ ನೀವು ಬಿಡಿಸಿದ್ದು, ಬೇರೆ ಒಪ್ಪಂದ ಇಲ್ಲದಿದ್ದರೆ, ಮಾಲೀಕರದು. ಮನೆಯಲ್ಲಿ ಸ್ವಂತಕ್ಕೆ ಬಿಡಿಸಿದ್ದು ನಿಮ್ಮದು. ಹಾಗಾಗಿ ಮೊದಲು ಈಗಿನ ಕಂಪನಿ ಕೊಟ್ಟ ನೇಮಕದ ಪತ್ರ ತೆಗೆದು ಓದಿ ಮೇಡಂ. ‘ಕೆಲಸದಲ್ಲಿ ಇರುವಾಗ ರಚಿಸಿದ್ದೆಲ್ಲ ಕಂಪನಿಗೆ ಸೇರಿದ್ದು’ ಅಂತ ಒಂದು ಸಾಲು ಕೆಲವರು ಹಾಕಿರುತ್ತಾರೆ. ಅದು ಇದ್ದರೆ ಹೊಸ ಕಂಪನಿಯ ಮಾತು ಆಮೇಲೆ, ಮೊದಲು ಇದನ್ನು ಬಿಡಿಸಿಕೊಳ್ಳಬೇಕು.

ಹಕ್ಕು ಬಿಟ್ಟುಕೊಡುವುದಾದರೆ ಬರಹದಲ್ಲೇ ಆಗಬೇಕು, ಸಹಿ ಬೇಕು. ಎಷ್ಟು ವರ್ಷ ಅಂತ ಬರೆಯದಿದ್ದರೆ ಕಾಯ್ದೆ ಅದನ್ನು 5 ವರ್ಷ ಅಂತ ನೋಡುತ್ತದೆ. ಯಾವ ದೇಶ ಅಂತ ಬರೆಯದಿದ್ದರೆ ಭಾರತಕ್ಕೆ ಮಾತ್ರ. ತಗೊಂಡವರು ಒಂದು ವರ್ಷದೊಳಗೆ ಅದನ್ನು ಬಳಸದಿದ್ದರೆ, ಬೇರೆ ಷರತ್ತು ಇಲ್ಲದಿದ್ದರೆ, ಹಕ್ಕು ನಿಮಗೇ ವಾಪಸ್. ಅದಕ್ಕೇ ಕಂಪನಿಗಳ ಒಪ್ಪಂದದಲ್ಲಿ ‘ಶಾಶ್ವತವಾಗಿ, ಇಡೀ ಜಗತ್ತಿಗೆ, ಬಳಸದಿದ್ದರೂ’ ಅಂತ ಉದ್ದಕ್ಕೆ ಬರೆದಿರುತ್ತಾರೆ. ಆ ಮೂರು ಜಾಗದಲ್ಲಿ ಪೆನ್ನು ಹಿಡಿದು ನಿಲ್ಲಿ.

ಪೂರ್ತಿ ಕೊಡುವುದು, ನೀವೇ ಪೂರ್ತಿ ಹೊರುವುದು, ಇವೆರಡೇ ದಾರಿ ಅಲ್ಲ. ಪಾತ್ರ ನಿಮ್ಮ ಹೆಸರಿನಲ್ಲೇ ಇಟ್ಟುಕೊಂಡು ಈ 26 ಕಂತು ಮಾಡಲು ಮಾತ್ರ ಲೈಸೆನ್ಸ್ ಕೊಡಿ. ಗೊಂಬೆ, ಪುಸ್ತಕದ ಹಣದಲ್ಲಿ ಪಾಲು ಕೇಳಿ. ಮಾಡೆಲ್ ಶೀಟನ್ನು ಕಲಾಕೃತಿ ಅಂತ ಕೃತಿಸ್ವಾಮ್ಯ ಕಚೇರಿಯಲ್ಲಿ ನೋಂದಾಯಿಸಿ. ಕಡ್ಡಾಯ ಅಲ್ಲ, ಆದರೆ ಜಗಳ ಬಂದಾಗ ಕೈಯಲ್ಲಿ ಕಾಗದ ಇರುತ್ತದೆ.

ಡೊಂಬಿವಲಿ ಫಾಸ್ಟ್

ಇದು ಬಹಳ ಉಪಯೋಗದ ಮಾತು ಸರ್. ಆದರೆ ಹೊಸಬರಿಗೆ ಲೈಸೆನ್ಸ್ ಷರತ್ತಿಗೆ ಒಪ್ಪುವ ಕಂಪನಿ ಇದೆಯಾ? ‘ಬೇಡ ಬಿಡಿ’ ಅಂದರೆ ಏನು ಮಾಡುವುದು?

ಕರಿಕೋಟು (ಠಾಣೆ)

ಕೇಳಿದರೆ ಏನೂ ಹೋಗುವುದಿಲ್ಲ. ಅವರು ತಾವಾಗಿ ಬಂದಿದ್ದಾರೆ, ಏಡಿ ಬೇಕಾಗಿದೆ.

ಶಾಯಿ ಕೈ (ಮಲಾಡ್)

ನನ್ನ ಅನುಭವ ಬರೆಯುತ್ತೇನೆ, ಕಂಪನಿಯ ಹೆಸರು ಬೇಡ. ಒಂದು ಮಕ್ಕಳ ಧಾರಾವಾಹಿಗೆ ಮುಖ್ಯ ಪಾತ್ರಗಳನ್ನೆಲ್ಲ ನಾನು ಡಿಸೈನ್ ಮಾಡಿದೆ. ಟಿವಿಯಲ್ಲಿ ಬಂದಾಗ ಕ್ರೆಡಿಟ್ ಅರ್ಧ ಪರದೆಗೆ ಕುಗ್ಗಿ ಓಡಿಹೋಯಿತು, ಅದರಲ್ಲೂ ನನ್ನ ಹೆಸರು ಇರಲಿಲ್ಲ. ಎರಡನೇ ಸೀಸನ್‌ಗೆ ಬೇರೆಯವರನ್ನು ಕೂರಿಸಿದರು. ನನ್ನ ಮಗಳ ವಾಟರ್ ಬಾಟಲಿ ಮೇಲೆ ನಾನು ಬಿಡಿಸಿದ ಪಾತ್ರ ಇದೆ. ಅದಕ್ಕೆ ನಾನು ಅಂಗಡಿಯಲ್ಲಿ ದುಡ್ಡು ಕೊಟ್ಟೆ.

ಹೆಸರಿಗಾಗಿ ಒಂದು ಸಾಲು ಒಪ್ಪಂದದಲ್ಲಿ ಹಾಕಿಸಿಕೊಳ್ಳಿ. ಯಾವ ಜಾಗದಲ್ಲಿ, ಯಾವ ಅಳತೆಯಲ್ಲಿ ಅಂತ ಕೂಡ.

ಪೆನ್ಸಿಲ್ ತುದಿ (ಗೋರೆಗಾಂವ್)

ಶಾಯಿ ಕೈ ಅಕ್ಕ, ಓದಿ ಹೊಟ್ಟೆ ಉರಿಯಿತು.

ಬಂಟ್ಸ್ ಹಾಸ್ಟೆಲ್ ಊಟ

ಮಾರಾಯ್ರೆ, ನಿರ್ಮಾಪಕ ಆಗುವುದು ಅಂದರೆ ಮದುವೆ ಮನೆಯ ಯಜಮಾನ ಆದ ಹಾಗೆ. ಎಲ್ಲರೂ ಉಂಡು ಹೋದ ಮೇಲೆ ಶಾಮಿಯಾನದವನ ಲೆಕ್ಕ ಚುಕ್ತಾ ಮಾಡುವವರು ಅವರೇ. ನಾನು ಸಣ್ಣ ಸ್ಟುಡಿಯೋ ನಡೆಸುತ್ತೇನೆ, ಆರೇ ಜನ. ಜಾಹೀರಾತಿನ ಕೆಲಸ ಮುಗಿಸಿ ಬಿಲ್ ಕಳಿಸಿದರೆ ಹಣ ಬರುವುದು ಯಾವಾಗಲೋ. ಅಷ್ಟರಲ್ಲಿ ಜಿಎಸ್‌ಟಿ ಕಟ್ಟಿಯಾಗಿರುತ್ತದೆ.

ಒಂದು ಮಾತು ಹೇಳುತ್ತೇನೆ. ಉದ್ಯಮ್ ನೋಂದಣಿ ಮಾಡಿಸಿಕೊಳ್ಳಿ. 2006ರ ಎಂಎಸ್‌ಎಂಇ ಕಾಯ್ದೆಯಲ್ಲಿ ಸಣ್ಣವರಿಗೆ 45 ದಿನದೊಳಗೆ ಹಣ ಕೊಡಬೇಕು ಅಂತ ಇದೆ. ಬಿಲ್ಲಿನಲ್ಲಿ ನೋಂದಣಿ ಸಂಖ್ಯೆ ಹಾಕಿ ಕಳಿಸಿದ ಮೇಲೆ ನಮ್ಮ ಫೋನಿಗೆ ಉತ್ತರ ಬೇಗ ಬರುತ್ತದೆ. ಕೆಲಸದ ಹಣ ಒಟ್ಟಿಗೆ ಕೊನೆಗೆ ಅಂತ ಒಪ್ಪಬೇಡಿ. ಸ್ಟೋರಿಬೋರ್ಡ್‌ಗೆ ಇಷ್ಟು, ಅನಿಮ್ಯಾಟಿಕ್‌ಗೆ (ಸ್ಟೋರಿಬೋರ್ಡ್ ಚಿತ್ರಗಳನ್ನು ಸಮಯಕ್ಕೆ ಹೊಂದಿಸಿದ ಕಚ್ಚಾ ವಿಡಿಯೋ) ಇಷ್ಟು, ಫೈನಲ್‌ಗೆ ಇಷ್ಟು ಅಂತ ಕಂತು ಮಾಡಿ. ಅನಿಮ್ಯಾಟಿಕ್ ಒಪ್ಪಿದ ಮೇಲೆ ಕಥೆ ಬದಲಾಯಿಸಿದರೆ ಬೇರೆ ಹಣ ಅಂತ ಬರೆಸಿ. ಈ ಸಾಲು ಇಲ್ಲದೆ ಎಷ್ಟು ಸ್ಟುಡಿಯೋ ಮುಳುಗಿವೆ ಅಂತ ಕೇಳಬೇಡಿ.

ಮಡಗಾಂವ್ ಮಳೆ (ಗೋವಾ)

ಗೋವಾದಿಂದ ಬರೆಯುತ್ತಿದ್ದೇನೆ. ಏಡಿ ಅಂದ ಕೂಡಲೇ ಓದಲು ಕೂತೆ. ನವೆಂಬರ್‌ನಲ್ಲಿ ಇಫಿ ಚಿತ್ರೋತ್ಸವದ ಜತೆಗೇ ಫಿಲ್ಮ್ ಬಜಾರ್ (ಈಗ ವೇವ್ಸ್ ಫಿಲ್ಮ್ ಬಜಾರ್) ನಡೆಯುತ್ತದೆ, ಎನ್‌ಎಫ್‌ಡಿಸಿ ಅದನ್ನು 2007ರಲ್ಲಿ ಶುರು ಮಾಡಿದ್ದು. ಹಣ ಹಾಕುವವರು, ಹೊರದೇಶದ ಚಾನೆಲ್‌ನವರು ಬರುತ್ತಾರೆ. ಒಂದು ಕಂಪನಿಯ ಬಾಗಿಲಲ್ಲೇ ಯಾಕೆ ನಿಲ್ಲುತ್ತೀರಿ? ಬನ್ನಿ, ನಮ್ಮ ಮನೆಯಲ್ಲೇ ಉಳಿದುಕೊಳ್ಳಬಹುದು, ಮನೆಯವಳು ಹುಬ್ಬಳ್ಳಿಯವಳು.

ಹಾಲು ಹಲ್ಲು

ಗೀತಾಂಜಲಿ ರಾವ್ ಹೆಸರು ಯಾರೂ ಹೇಳಲಿಲ್ಲ. ಜೆ.ಜೆ.ಯಲ್ಲಿ ಓದಿ, ರಾಮ್ ಮೋಹನ್ ಸ್ಟುಡಿಯೋದಲ್ಲಿ ಕೆಲಸ ಕಲಿತವರು. ‘ಪ್ರಿಂಟೆಡ್ ರೇನ್‌ಬೋ’ 15 ನಿಮಿಷದ ಚಿತ್ರ. ಒಬ್ಬ ಒಂಟಿ ಅಜ್ಜಿ, ಒಂದು ಬೆಕ್ಕು, ಬೆಂಕಿಪೊಟ್ಟಣದ ಚಿತ್ರಗಳು. ಅವರೇ ಬಿಡಿಸಿ ಅವರೇ ನಿರ್ಮಿಸಿದ್ದು. 2006ರಲ್ಲಿ ಕಾನ್ ಚಿತ್ರೋತ್ಸವದ ಕ್ರಿಟಿಕ್ಸ್ ವೀಕ್‌ನಲ್ಲಿ ಮೂರು ಪ್ರಶಸ್ತಿ. ಅದು ಗೆದ್ದ ಮೇಲೂ ದೊಡ್ಡ ಚಿತ್ರ ‘ಬಾಂಬೆ ರೋಸ್’ ಬರಲು 2019 ಆಯಿತು. ಅಂಥವರಿಗೇ ಹದಿಮೂರು ವರ್ಷ! ಪೆನ್ಸಿಲ್ ತುದಿ ಅವರು ಇದನ್ನೂ ತೂಗಿ ನೋಡಬೇಕು.

ವಡಾಪಾವ್ ರೊಟ್ಟಿ

ನಾನು ಹೇಳಿದ್ದೂ ಅದೇ ತಾನೇ?

ಎಂಟು ಕಾಲು (ಅಂಧೇರಿ)

ಕಾಲ ಬದಲಾಗುತ್ತಿದೆ. 2025ರ ಜುಲೈನಲ್ಲಿ ಬಂದ ‘ಮಹಾವತಾರ್ ನರಸಿಂಹ’ ಥಿಯೇಟರ್ ತುಂಬಿಸಿತು, ನಮ್ಮ ಹೊಂಬಾಳೆಯವರು ಅದರ ಹಿಂದೆ ನಿಂತರು. ಅದಕ್ಕೂ ಮೊದಲು ಬೆಂಗಳೂರಿನ ರವಿಶಂಕರ್ ಜನರಿಂದಲೇ ಹಣ ಕೂಡಿಸಿ ಸಂಸ್ಕೃತದಲ್ಲಿ ‘ಪುಣ್ಯಕೋಟಿ’ ಮಾಡಿದರು, ನಮ್ಮ ಗೋವಿನ ಹಾಡಿನ ಕಥೆ, ಇಳಯರಾಜ ಸಂಗೀತ. ಅತ್ತ ಅದೇ 2025ರ ಫೆಬ್ರವರಿಯಲ್ಲಿ ಅನಿಮೇಷನ್, ಗ್ರಾಫಿಕ್ಸ್ ಮಾಡುವ ಟೆಕ್ನಿಕಲರ್ ಕಂಪನಿ ಬಾಗಿಲು ಹಾಕಿದಾಗ ಬೆಂಗಳೂರು, ಮುಂಬೈಯ ಸಂಬಳದವರೆಲ್ಲ ಒಂದೇ ದಿನ ಬೀದಿಗೆ ಬಂದರು. ಡೊಂಬಿವಲಿ ಅವರೇ, ಸಂಬಳ ಗಟ್ಟಿ ಅಂತ ಈ ಕ್ಷೇತ್ರದಲ್ಲಿ ಹೇಳಲು ಆಗುವುದಿಲ್ಲ.

ಡೊಂಬಿವಲಿ ಫಾಸ್ಟ್

ಆ ಸುದ್ದಿ ನನಗೂ ಗೊತ್ತು, ನಮ್ಮ ಬಿಲ್ಡಿಂಗ್‌ನಲ್ಲೇ ಇಬ್ಬರು ಇದ್ದಾರೆ. ಹಾಗಾಗಿಯೇ ಹೇಳುತ್ತೇನೆ, ಆರು ತಿಂಗಳ ಖರ್ಚು ಬ್ಯಾಂಕಿನಲ್ಲಿ ಇಡದೆ ಯಾರೂ ನಿರ್ಮಾಪಕರಾಗಬೇಡಿ. ಮನಸ್ಸು ಇದ್ದರೆ ಮಾಡಲಿ, ನಾನು ಅಡ್ಡ ಬರುವುದಿಲ್ಲ. ಮನೆಯವರನ್ನು ಮೊದಲು ಕೂರಿಸಿಕೊಂಡು ಲೆಕ್ಕ ತೋರಿಸಲಿ.

ಪೆನ್ಸಿಲ್ ತುದಿ (ಗೋರೆಗಾಂವ್)

ಎಲ್ಲರಿಗೂ ಮನಸ್ಸಿನಿಂದ ಥ್ಯಾಂಕ್ಸ್. ನೇಮಕದ ಪತ್ರ ತೆಗೆದು ನೋಡಿದೆ. ಕರಿಕೋಟು ಸರ್ ಹೇಳಿದ ಸಾಲು ಇದೆ, ಆದರೆ ‘ಕಂಪನಿಯ ಸಮಯ ಮತ್ತು ಸಲಕರಣೆ ಬಳಸಿ’ ಅಂತ ಸೇರಿಸಿದ್ದಾರೆ. ನಾನು ಬಿಡಿಸಿದ್ದೆಲ್ಲ ಮನೆಯ ಟ್ಯಾಬ್ಲೆಟ್‌ನಲ್ಲಿ, ಫೈಲ್‌ಗಳಲ್ಲಿ ತಾರೀಕು ಇದೆ. ಸರ್, ನಿಮಗೆ ಆ ಪುಟ ಕಳಿಸುತ್ತೇನೆ, ಫೀಸು ಹೇಳಿ.

ಹೊಸ ಕಂಪನಿಗೆ ಪಾತ್ರ ನನ್ನದೇ, 26 ಕಂತಿಗೆ ಲೈಸೆನ್ಸ್, ಸಹ ನಿರ್ಮಾಪಕಿ ಅಂತ ನನ್ನ ಹೆಸರು ಅಂತ ಬರೆದು ಕಳಿಸುತ್ತೇನೆ. ಉತ್ತರ ಬರುವ ತನಕ ಎರಡು ನಿಮಿಷದ ಚಿತ್ರ ನಾನೇ ಮಾಡುತ್ತೇನೆ, ನಾಲ್ಕು ಕಾಲಿನಲ್ಲಿ, ಮಾತಿಲ್ಲದೆ. ಅವರು ಒಪ್ಪದಿದ್ದರೆ ಅದನ್ನೇ ಹಿಡಿದುಕೊಂಡು ಗೋವಾಕ್ಕೆ ಬರುತ್ತೇನೆ ಅಣ್ಣಾ.

ಲೈಟ್‌ಬಾಕ್ಸ್ (ದಾದರ್)

ನಡಿಗೆಯ ಲೈನ್ ಟೆಸ್ಟ್ (ಬಣ್ಣವಿಲ್ಲದ ಬರೀ ಗೆರೆಯ ಚಲನೆ) ಮೊದಲು ಇಲ್ಲಿ ಹಾಕು. ಏಡಿ ಅಡ್ಡ ಹೋಗುವಾಗ ಭಾರ ಯಾವ ಕಾಲಿಗೆ ಬೀಳುತ್ತದೆ ಅನ್ನುವುದು ತಪ್ಪಿದರೆ ತೇಲಿದ ಹಾಗೆ ಕಾಣುತ್ತದೆ. ನೋಡಿ ಹೇಳುತ್ತೇನೆ.

ಮೈಸೂರು ಮಲ್ಲಿಗೆ (ವಾಶಿ)

ಮಧ್ಯೆ ಒಂದು ಪ್ರಶ್ನೆ. ನನ್ನ ಅಕ್ಕನ ಮಗ ಪಿಯುಸಿ ಎರಡನೇ ವರ್ಷ, ವಿಜ್ಞಾನ. ಇದೇ ಓದಬೇಕು ಅಂತ ಹಠ. ಯಾವ ಪರೀಕ್ಷೆ ಬರೆಯಬೇಕು?

ಹಾಲು ಹಲ್ಲು

ಐಐಟಿ ಬಾಂಬೆಯ ಡಿಸೈನ್ ಶಾಲೆ ಐಡಿಸಿಗೆ ಯುಸೀಡ್, ಅಹಮದಾಬಾದಿನ ಎನ್‌ಐಡಿಗೆ (ರಾಷ್ಟ್ರೀಯ ವಿನ್ಯಾಸ ಸಂಸ್ಥೆ) ಅವರದೇ ಡ್ಯಾಟ್. ಎರಡಕ್ಕೂ ಚಿತ್ರ ಬಿಡಿಸುವ ಭಾಗ ಇದೆ, ಕೋಚಿಂಗ್‌ಗಿಂತ ದಿನಾ ಸ್ಕೆಚ್ ಪುಸ್ತಕ ತುಂಬಿಸುವುದು ಮುಖ್ಯ. ಜೆ.ಜೆ.ಗೆ ಯಾವ ಪರೀಕ್ಷೆ ಅಂತ ಅವರ ವೆಬ್‌ಸೈಟಿನಲ್ಲೇ ನೋಡಲಿ. ಅರ್ಜಿ ತಾರೀಕು ಆಯಾ ವೆಬ್‌ಸೈಟಿನಲ್ಲಿ ನೋಡಿಕೊಳ್ಳಲಿ.